ಕೇಳದೆ ಎತ್ತಿದ ಹೊರೆ

ನಮ್ಮ ಅತ್ತಿಗೆ ದೇವಿರಮ್ಮನನ್ನು ಪೊಲೀಸಿನವನು ತಲೆಯ ಮೇಲೆ ಭತ್ತದ ಹೊರೆ ಹೊರಿಸಿಯೇ ಠಾಣೆಗೆ ನಡೆಸಿದ. ಕದ್ದ ಮಾಲು ಕದ್ದವಳ ತಲೆಯ ಮೇಲೇ ಬರಲಿ ಎಂದು ಪಟೇಲ ಪುಟ್ಟಸ್ವಾಮಿಗೌಡ ಹೇಳಿಕೊಟ್ಟಿದ್ದ. ನಮ್ಮೂರಿಂದ ಹನಕೆರೆ, ಅಲ್ಲಿಂದ ದೊಡ್ಡ ರಸ್ತೆ ಹಿಡಿದು ಮಂಡ್ಯ. ಬಿಸಿಲು ನೆತ್ತಿಗೇರಿತ್ತು. ತೆನೆ ಅವಳ ಕತ್ತಿಗೆ ಚುಚ್ಚುತ್ತಿತ್ತು. ಭತ್ತದ ಸುಂಕು ಬೆವರಿಗೆ ಅಂಟಿ ಮೈಯೆಲ್ಲ ನವೆ. ಕೆರೆದುಕೊಳ್ಳಲು ಕೈಗೆ ಬಿಡುವಿಲ್ಲ. ಒಂದು ಕೈ ಹೊರೆ ಹಿಡಿದಿತ್ತು. ಇನ್ನೊಂದು ಕೈಗೆ ಹಗ್ಗ ಕಟ್ಟಿ ಅದರ ತುದಿಯನ್ನು ಪೊಲೀಸಿನವನು ಹಿಡಿದಿದ್ದ.

ನಾನು ಹಿಂದೆ ಹೋಗುತ್ತಿದ್ದೆ. ಹೊರೆ ನನಗೆ ಕೊಡು ಎಂದು ಕೈ ಚಾಚಿದ್ದಕ್ಕೆ ಅವನು ನನ್ನ ಮೊಣಕಾಲಿಗೆ ಲಾಠಿಯಲ್ಲಿ ಬಾರಿಸಿದ.

"ಕದ್ದೋಳು ಅವ್ಳು. ಅವ್ಳೇ ಹೊರ್ಲಿ."

ಹನಕೆರೆ ಸ್ಟೇಷನ್ನಿನಲ್ಲಿ ರೈಲಿಗೆ ಕಾದಿದ್ದವರೆಲ್ಲ ಎದ್ದು ನಿಂತು ನೋಡಿದರು. ಒಬ್ಬ ಮುದುಕಿ ಹತ್ತಿರ ಬಂದು ಕೇಳಿದಳು, "ಏನ್ ಕದ್ದೆ ಮಗ್ಳೆ?"

"ಕದ್ದಿಲ್ಲ ಕಣವ್ವ," ಎಂದಳು ಅತ್ತಿಗೆ. ಹೊರೆಯ ಭಾರಕ್ಕೆ ತಲೆ ತಿರುಗಿಸಲಾಗಲಿಲ್ಲ. ನೇರ ನೋಡುತ್ತಲೇ ಹೇಳಿದಳು. "ನನ್ ಆಯ ನಾನ್ ತಕ್ಕಂಡಿವ್ನಿ."

ಮುದುಕಿಗೆ ಅರ್ಥವಾಯಿತು. ಆಯ ಎಂದರೇನು ಅಂತ ಹಳ್ಳಿಯಲ್ಲಿ ಹುಟ್ಟಿದವರಿಗೆಲ್ಲ ಗೊತ್ತು. ಕೋರ್ಟಿಗೆ ಮಾತ್ರ ಗೊತ್ತಿಲ್ಲ.

ನಾವು ನೀರುಗಂಟಿಗಳು. ಹೊಲಗೇರಿಯವರು. ಊರ ಕೆರೆ ಕಾಯುವುದು, ತೂಬೆತ್ತಿ ಗದ್ದೆ ಗದ್ದೆಗೆ ನೀರು ಹಂಚುವುದು ನಮ್ಮ ಮನೆತನದ ಕೆಲಸ. ತೂಬು ಕೆರೆಯ ತಳದಲ್ಲಿರುತ್ತದೆ. ಉಸಿರು ಕಟ್ಟಿ ಮುಳುಗಬೇಕು. ಕೆಸರಲ್ಲಿ ಕೈಯಾಡಿಸಿ ಮರದ ಬೆಣೆ ಹುಡುಕಬೇಕು. ಅದನ್ನು ಅಲುಗಿಸಿ ಕಿತ್ತು, ನೀರು ನಮ್ಮನ್ನೇ ಒಳಕ್ಕೆ ಎಳೆದುಕೊಳ್ಳುವ ಮೊದಲು ಮೇಲೆ ಬರಬೇಕು. ನಮ್ಮಣ್ಣ ನಿಂಗಯ್ಯ ಒಂದು ಸಲ ಮೇಲೆ ಬರಲಿಲ್ಲ. ಅವನ ತೋಳು ತೂಬಿನ ಬಾಯಲ್ಲಿ ಸಿಕ್ಕಿಕೊಂಡಿತ್ತು. ನೀರು ಮಾತ್ರ ಸರಾಗವಾಗಿ ಹರಿಯಿತು. ಆ ವರ್ಷ ಪಟೇಲನ ಗದ್ದೆಯಲ್ಲಿ ಒಳ್ಳೆಯ ಬೆಳೆ.

ಅಣ್ಣ ಹೋದ ಮೇಲೆ ಅತ್ತಿಗೆ ಸೀರೆ ಕಚ್ಚೆ ಹಾಕಿ ಕೆರೆಗೆ ಇಳಿದಳು. ಹೆಂಗಸು ತೂಬು ಮುಟ್ಟಿದರೆ ಊರಿಗೆ ಕೇಡು ಎಂದು ಗೌಡರ ಬೀದಿಯವರು ಗೊಣಗಿದರು. ಸಸಿಮಡಿ ಒಣಗತೊಡಗಿದ ಮೇಲೆ ಗೊಣಗುವುದನ್ನು ಬಿಟ್ಟರು. ನಾವು ಮುಳುಗಿ ಎದ್ದ ನೀರು ಅವರ ಗದ್ದೆಗೆ ಆಗುತ್ತಿತ್ತು. ಅವರ ಬಾವಿಯ ಹತ್ತಿರ ಮಾತ್ರ ನಮ್ಮ ನೆರಳೂ ಸುಳಿಯಬಾರದು.

ಈ ಕೆಲಸಕ್ಕೆ ಸಂಬಳ ಇರಲಿಲ್ಲ. ಕುಯ್ಲಿನ ಕಾಲಕ್ಕೆ ಪ್ರತಿ ಕಣದಲ್ಲೂ ನೀರುಗಂಟಿಗೆ ಒಂದು ಹೊರೆ. ಅದೇ ಆಯ. ಅದನ್ನು ತೆಗೆದುಕೊಳ್ಳುವುದಕ್ಕೂ ಒಂದು ರೀತಿ ಇತ್ತು. ಕಣಕ್ಕೆ ಹೋಗಿ ಯಾರನ್ನೂ ಕೇಳಬಾರದು. ಯಜಮಾನ ಬೇರೆ ಕಡೆ ಮುಖ ಮಾಡಿ ಎಲೆಅಡಿಕೆ ಹಾಕಿಕೊಳ್ಳುತ್ತಾನೆ. ನೀರುಗಂಟಿ ಬದಿಯಿಂದ ಬಂದು ತನ್ನ ಹೊರೆ ಎತ್ತಿಕೊಂಡು ಹೊರಡುತ್ತಾನೆ. ಕೈಯೊಡ್ಡಿ ಬೇಡುವವರು ಬೇರೆ, ಆಯಗಾರರು ಬೇರೆ. ನಮ್ಮಪ್ಪ ನಮಗೆ ಕಲಿಸಿದ್ದು ಅದೊಂದೇ. "ಕೇಳ್ಬ್ಯಾಡ ಕಣ್ಲಾ. ಒಂದ್ ಕಿತ ಕೇಳುದ್ರೆ ಕೊಡಾದೂ ಅವ್ರ ಕೈಲಿ, ಬುಡಾದೂ ಅವ್ರ ಕೈಲಿ."

ಆಮೇಲೆ ನಾಲೆ ಬಂತು. ನಮ್ಮ ಕಡೆಯವರೇ ಮಣ್ಣು ಹೊತ್ತು ತೋಡಿದ ನಾಲೆ. ಮೇಲಿನ ಗದ್ದೆಗಳಿಗೆಲ್ಲ ಅದರ ನೀರು ಹರಿಯಿತು. ನಾಲೆಯ ತೂಬಿನ ಗೇಟು ತಿರುಗಿಸಲು ಸರ್ಕಾರದ ಸೌಡಿ ಬಂದ, ಕೈಯಲ್ಲಿ ಕಬ್ಬಿಣದ ಕೀಲಿ ಹಿಡಿದುಕೊಂಡು. ಆ ವರ್ಷ ಕುಯ್ಲಿಗೆ ನಾವು ಪಟೇಲನ ಕಣಕ್ಕೆ ಹೋದಾಗ ಅವನು ಮುಖ ತಿರುಗಿಸಲಿಲ್ಲ. ನಮ್ಮನ್ನೇ ನೋಡುತ್ತ ನಿಂತ.

"ನಾಲೆ ಕಾಯಕೆ ಸರ್ಕಾರದೋನು ಅವ್ನೆ. ಇನ್ನ ನಿಮ್ಗ್ಯಾತರ ಆಯ? ನಡೀರಿ ಅತ್ಲಾಗೆ."

ಕೆಳಗದ್ದೆಗಳಿಗೆ ಇನ್ನೂ ಕೆರೆಯ ನೀರೇ ಗತಿ, ಆ ಕೆರೆಯ ತೂಬನ್ನು ನಾವೇ ಎತ್ತುತ್ತಿದ್ದೆವು. ಅದನ್ನು ಹೇಳಿದರೆ ಅವನಿಗೆ ಕಿವಿ ಕೇಳಿಸಲಿಲ್ಲ. ಬರಿಗೈಯಲ್ಲಿ ಬಂದೆವು. ಅತ್ತಿಗೆ ಜಗಳಕ್ಕೆ ಹೋಗಲಿಲ್ಲ. ಸರ್ಕಾರ ಇದೆ, ಕೇಳೋಣ ಎಂದಳು. ಅವಳ ಹೆಸರಿನಲ್ಲೇ ತಾಲ್ಲೂಕಿನ ಅಮಲ್ದಾರರಿಗೆ ಅರ್ಜಿ ಹಾಕಿದೆವು. ಕೆರೆ ಕೆಲಸ ನಮ್ಮದೇ ಆಗಿರುವವರೆಗೆ ಆಯದ ಹೊರೆಯೂ ನಮ್ಮದೇ ಎಂದು ಹುಕುಂ ಮಾಡಿ ಅಂತ.

ಅರ್ಜಿ ಬರೆದುಕೊಟ್ಟವರು ಮಂಡ್ಯದ ವಕೀಲ ಕಸ್ತೂರಿರಂಗಯ್ಯನವರು. ಖಾದಿ ಉಡುತ್ತಿದ್ದರು. ನಮ್ಮಿಂದ ಕಾಸು ಮುಟ್ಟುತ್ತಿರಲಿಲ್ಲ. ನಮ್ಮ ಜಾತಿಗೆ ಖಾದಿಯವರು ಇಟ್ಟ ಹೊಸ ಹೆಸರಿನಿಂದ ನಮ್ಮನ್ನು ಕರೆಯುತ್ತಿದ್ದರು, ಕೂರಿಸುವ ಜಾಗ ಮಾತ್ರ ಹಳೆಯದೇ, ಹಿತ್ತಲಿನ ಕೊಟ್ಟಿಗೆಯ ಬದಿ. ನಾವು ಎದ್ದು ಬಂದ ಮೇಲೆ ಅವರ ತಾಯಿ ರಂಗನಾಯಕಮ್ಮನವರು ಆ ಜಾಗಕ್ಕೆ ಸಗಣಿನೀರು ಹಾಕುತ್ತಿದ್ದುದನ್ನು ನಾನು ಬೇಲಿ ದಾಟುವಾಗ ತಿರುಗಿ ನೋಡಿದ್ದೇನೆ. ವಕೀಲರೂ ನೋಡಿದ್ದರು. ಕನ್ನಡಕ ಒರೆಸಿಕೊಂಡು ಒಳಗೆ ಹೋದರು.

ಅರ್ಜಿ ತಾಲ್ಲೂಕು ಕಚೇರಿಯಲ್ಲಿ ಕೂತಿತು. ಹೋದಾಗಲೆಲ್ಲ ಗುಮಾಸ್ತ ಒಂದೇ ಮಾತು ಹೇಳಿದ: "ವಿಚಾರಣೆಗೆ ಬಾಕಿ."

ಅದು ಬಾಕಿ ಇರುವಾಗಲೇ ಹಿಂಗಾರು ಸುರಿಯಿತು. ಕೆರೆ ಕೋಡಿ ಬಿತ್ತು. ಒಂದು ಮಧ್ಯಾಹ್ನ ಪಟೇಲ ತಾನೇ ನಮ್ಮ ಕೇರಿಯ ಬಾಯಿಗೆ ಓಡಿಬಂದ. ಪಂಚೆ ಕೆಸರಾಗಿತ್ತು.

"ದೇವೀ! ಲೇ ಸಿದ್ದಾ! ಏರಿ ಓಯ್ತಾ ಅದೆ, ಬನ್ರೋ ಬೇಗ!"

ನೀವು ಯಾರು, ನಿಮಗೇನು ಕೆಲಸ ಎಂದು ಆವತ್ತು ಅವನು ಕೇಳಲಿಲ್ಲ. ನಾವೂ ಅರ್ಜಿಯ ಮಾತೆತ್ತಲಿಲ್ಲ. ಓಡಿದೆವು. ಏರಿಯಲ್ಲಿ ಆಳೆತ್ತರದ ಬಿರುಕು. ಅತ್ತಿಗೆ, ನಾನು, ಕೇರಿಯ ಚಿಕ್ಕಬೋರಮ್ಮ, ತೋಳು ಹೆಣೆದುಕೊಂಡು ಬಿರುಕಿಗೆ ಬೆನ್ನು ಕೊಟ್ಟು ನಿಂತೆವು. ನೀರು ಎದೆಗೆ ಗುದ್ದುತ್ತಿತ್ತು. ಹಿಂದಿನಿಂದ ಮೇಲೆ ನಿಂತವರು ಕಲ್ಲು, ಮಣ್ಣು, ಮುಳ್ಳುಕಂಪೆ ಸುರಿದರು. ನಮ್ಮ ಮೈ ತಪ್ಪಿಸಿ ಸುರಿಯಿರಿ ಅಂತ ಯಾರೂ ಹೇಳಲಿಲ್ಲ. ಒಂದು ಗುಂಡುಕಲ್ಲು ಅತ್ತಿಗೆಯ ಪಾದದ ಮೇಲೆ ಬಿತ್ತು. ಹೆಬ್ಬೆರಳು ನುಜ್ಜಾಯಿತು. ಅವಳು ಹಲ್ಲು ಕಚ್ಚಿ ನಿಂತಳು, ಕದಲಲಿಲ್ಲ. ಕದಲಿದ್ದರೆ ಕೆಳಗದ್ದೆಯಷ್ಟೂ ಹೋಗುತ್ತಿತ್ತು. ಸಂಜೆಯ ಹೊತ್ತಿಗೆ ಏರಿ ನಿಂತಿತು. ಪಟೇಲ ಮೇಲಿನಿಂದ ಒಂದು ಕವಳೆ ಎಲೆಅಡಿಕೆ ಎಸೆದ. ಅದು ಕೆಸರಿಗೆ ಬಿತ್ತು.

ಅದೇ ಏರಿ ಉಳಿಸಿದ ಗದ್ದೆಯ ಭತ್ತ, ಅತ್ತಿಗೆ ಎತ್ತಿದ ಹೊರೆ. ಕುಂಟುತ್ತಲೇ ಕಣಕ್ಕೆ ಹೋದಳು. "ಏರಿಗೆ ಬೆನ್ನು ಕೊಡಕೆ ನಾನು ನೀರುಗಂಟಿ, ಹೊರೆ ಎತ್ತಕೆ ಅಲ್ವಾ?" ಎಂದು ನನ್ನ ಹತ್ತಿರ ಹೇಳಿ ಹೋದವಳು, ಅಲ್ಲಿ ತುಟಿ ಬಿಚ್ಚಲಿಲ್ಲ. ರೀತಿ ಹೇಗೋ ಹಾಗೆ, ಕೇಳದೆ ಎತ್ತಿಕೊಂಡಳು. ಕೇರಿ ಮುಟ್ಟುವ ಮೊದಲೇ ಪಟೇಲನ ಆಳುಗಳು ಹಿಡಿದುಕೊಂಡರು.

ಠಾಣೆಯಲ್ಲಿ ಅವಳನ್ನು ಬಿಟ್ಟರು, ಕರೆದಾಗ ಕೋರ್ಟಿಗೆ ಬಾ ಎಂದರು. ಹೊರೆಯನ್ನು ಸಾಕ್ಷಿಗೆಂದು ಇಟ್ಟುಕೊಂಡರು. ಜಮಾದಾರರ ಹಸು ಅದರಲ್ಲಿ ಅರ್ಧ ತಿಂದಿತ್ತು. ಅದರ ಮೇಲೆ ಕೇಸು ಹಾಕಲಿಲ್ಲ.

ಕಳ್ಳತನದ ಕೇಸು ಬಂದದ್ದು ಯಾರ ಮುಂದೆ ಗೊತ್ತೆ? ಅದೇ ಅಮಲ್ದಾರರ ಮುಂದೆ. ಅವರೇ ಮ್ಯಾಜಿಸ್ಟ್ರೇಟರು. ನಮ್ಮ ಅರ್ಜಿಯನ್ನು ಯಾವ ಮೇಜಿನ ಮೇಲೆ ಬಾಕಿ ಇಟ್ಟಿದ್ದರೋ ಆ ಮೇಜಿನ ಮುಂದೆಯೇ ಅತ್ತಿಗೆಯನ್ನು ಕಳ್ಳಿಯೆಂದು ನಿಲ್ಲಿಸಿದರು. ನಿಲ್ಲಿಸಿದ್ದು ಒಳಗಲ್ಲ, ಬಾಗಿಲಾಚೆ. ಜವಾನ ಅವರ ಮಾತನ್ನು ಹೊರಕ್ಕೆ ಕೂಗುವುದು, ನಮ್ಮ ಮಾತನ್ನು ಒಳಕ್ಕೆ ಕೂಗುವುದು.

"ಹೊರೆ ತೆಗೆದುಕೊಂಡದ್ದು ಹೌದೇ?"

"ಊ ಬುದ್ದೀ."

"ಪಟೇಲರನ್ನು ಕೇಳಿ ತೆಗೆದುಕೊಂಡೆಯೋ?"

ಅತ್ತಿಗೆಯ ಮುಖ ನನಗೆ ಈಗಲೂ ಕಾಣುತ್ತದೆ. ಕತ್ತು ನೆಟ್ಟಗೆ ಮಾಡಿದಳು. ಯಾರೋ ಅವಳ ಮನೆತನದ ಮರ್ಯಾದೆ ಕೇಳಿದ್ದಾರೆ ಎಂದುಕೊಂಡಳು.

"ಎಲ್ಲಾದ್ರೂ ಉಂಟಾ ಬುದ್ದೀ? ನಮ್ ಮನೇಲಿ ಯಾರೂ ಕೇಳ್ದೋರಲ್ಲ. ನಾನೂ ಕೇಳ್ನಿಲ್ಲ."

ಗುಮಾಸ್ತನ ಲೇಖನಿ ಸರಸರ ಓಡಿತು. ವಕೀಲರು ಹಣೆ ಹಿಡಿದುಕೊಂಡರು. ಹೊರಗೆ ಬಂದು ಹೊಂಗೆಮರದ ಕೆಳಗೆ ಅವಳಿಗೆ ಬೈದರು.

"ಎಂಥಾ ಕೆಲಸ ಮಾಡಿದೆ ಕಣಮ್ಮ! ಒಡೆಯನ ಒಪ್ಪಿಗೆ ಇಲ್ಲದೆ ತೊಗೊಳ್ಳೋದಕ್ಕೇ ಕಾನೂನಿನಲ್ಲಿ ಕಳ್ಳತನ ಅನ್ನೋದು. ನಿನ್ನ ಬಾಯಿಂದ ನೀನೇ ಒಪ್ಪಿಕೊಂಡೆಯಲ್ಲ!"

"ಒಡೆಯ ಯಾರು ಸ್ವಾಮೀ? ಆ ಹೊರೆಗೆ ನಾನೇ ಅಲ್ವಾ?"

ವಕೀಲರು ಅರ್ಜಿಯ ನಕಲು ತೆಗೆದು ಓದಿದರು. ಆಮೇಲೆ ಹೇಳಿದರು: ಹೊರೆ ನಿನ್ನದೋ ಅವನದೋ ಅನ್ನುವುದೇ ನಿಮ್ಮ ಅರ್ಜಿಯಲ್ಲಿರುವ ಪ್ರಶ್ನೆ. ಅದೇ ತೀರ್ಮಾನವಾಗಿಲ್ಲ. ನಿನ್ನದು ಅಂತಾದರೆ ಕಳ್ಳತನ ಎಲ್ಲಿ ಬಂತು? ಅರ್ಜಿ ಬಾಕಿ ಇರುವಾಗ ಈ ಕೇಸು ನಡೆಸುವಂತಿಲ್ಲ, ಇದನ್ನು ರದ್ದು ಮಾಡಿ ಅಂತ ಬೆಂಗಳೂರಿನ ದೊಡ್ಡ ಕೋರ್ಟಿನಲ್ಲಿ ಕೇಳೋಣ.

"ಅಷ್ಟ್ ದೂರ ಯಾಕೆ ಸ್ವಾಮೀ?" ಎಂದಳು ಅತ್ತಿಗೆ. "ಎರಡೂ ಇವ್ರ ತಾವೇ ಅವೆ. ಮೊದ್ಲು ಅರ್ಜಿ ನೋಡಿ, ಆಮೇಲೆ ಕೇಸು ನೋಡ್ಲಿ."

"ಹಾಗಲ್ಲಮ್ಮ. ಅರ್ಜಿ ಅಮಲ್ದಾರರ ಮುಂದೆ ಇರೋದು. ಕೇಸು ಮ್ಯಾಜಿಸ್ಟ್ರೇಟರ ಮುಂದೆ ಇರೋದು. ಬೇರೆ ಬೇರೆ."

ಒಂದೇ ಮೈ, ಒಂದೇ ಪೇಟ, ಒಂದೇ ಕುರ್ಚಿ. ಬೇರೆ ಹೇಗೋ ನಮಗೆ ತಿಳಿಯಲಿಲ್ಲ.

ವಕೀಲರು ಬೆಂಗಳೂರಿಗೆ ಹೋಗಿಬಂದರು. ರದ್ದು ಮಾಡುವ ಮಾತನ್ನು ಆಮೇಲೆ ವಿಚಾರಿಸುತ್ತೇವೆ, ಅಲ್ಲಿಯವರೆಗೆ ಕೇಸು ನಿಲ್ಲಿಸಿ ಎಂದು ದೊಡ್ಡ ಕೋರ್ಟು ಹೇಳಿತು. ಸುದ್ದಿ ಕೇಳಿ ನಮ್ಮ ಕೇರಿಯಲ್ಲಿ ಹೆಂಗಸರು ಅತ್ತಿಗೆಯ ಕೈಹಿಡಿದು ಕುಣಿದರು. ಪಟೇಲನಿಗೆ ಚಳಿ ಹಿಡಿಯಿತು. ದೊಡ್ಡ ಕೋರ್ಟಿನವರು ಕಣ್ಣಿಟ್ಟಿರುವಾಗ ಅರ್ಜಿ ವಿಚಾರಣೆಗೆ ಬಂದು ನೀರುಗಂಟಿಗೆ ಹಕ್ಕು ಎಂದು ಆಗಿಬಿಟ್ಟರೆ, ನಾಳೆ ತೋಟಿ, ತಳವಾರ, ಮಡಿವಾಳ, ಎಲ್ಲರೂ ಕಣದ ಬಾಗಿಲಿಗೆ ಬರುತ್ತಾರೆ. ಅವನು ವಕೀಲರ ಮನೆಗೇ ಬಂದ. ರಾಜಿಗೆ.

ಅವನಿಗೆ ಜಗಲಿಯ ಮೇಲೆ ಚಾಪೆ, ಲೋಟದಲ್ಲಿ ಕಾಫಿ. ನಮಗೆ ಕೊಟ್ಟಿಗೆಯ ಬದಿ. ಅತ್ತಿಗೆಯ ತಾಯಿ ಅಂಕಮ್ಮ ಮಳವಳ್ಳಿ ಕಡೆಯಿಂದ ನಡೆದುಕೊಂಡು ಬಂದಿದ್ದಳು. ಮಗಳು ಜೈಲಿಗೆ ಹೋಗುತ್ತಾಳೆಂದು ದಾರಿಯುದ್ದಕ್ಕೂ ಅತ್ತಿದ್ದಳು.

ವಕೀಲರು ರಾಜಿ ಕಾಗದ ಓದಿದರು. ದೇವಿರಮ್ಮ ಎಂಬವಳು ಬಂದು ಕೇಳಿಕೊಂಡದ್ದರಿಂದ ಪಟೇಲರು ದಯೆಯಿಂದ ಕೊಟ್ಟ ಹೊರೆ, ತಪ್ಪು ತಿಳುವಳಿಕೆಯಿಂದ ಕೇಸಾಯಿತು, ರದ್ದು ಮಾಡಲು ಇಬ್ಬರದೂ ಒಪ್ಪಿಗೆ. ಓದಿ ಮುಗಿಸಿ ನಗುತ್ತ ಹೇಳಿದರು, "ಫಿರ್ಯಾದಿಯೇ ಒಪ್ಪಿದ ಮೇಲೆ ಬೆಂಗಳೂರಿನಲ್ಲಿ ಕಷ್ಟವಿಲ್ಲ. ಹೆಬ್ಬೆಟ್ಟು ಒತ್ತಮ್ಮ, ಗೆದ್ದ ಹಾಗೆ."

"ಅರ್ಜಿ ಏನಾಯ್ತದೆ ಸ್ವಾಮೀ?"

ವಕೀಲರ ನಗು ನಿಂತಿತು. "ಕೇಳಿ ತೊಗೊಂಡೆ ಅಂತ ಬರೆದ ಮೇಲೆ ಹಕ್ಕು ಅಂತ ಹೇಳೋದಕ್ಕಾಗಲ್ಲ. ಅರ್ಜಿ ಬಿದ್ದುಹೋಗುತ್ತೆ. ಆದರೆ ಜೈಲು ತಪ್ಪುತ್ತಲ್ಲಮ್ಮ?"

ಪಟೇಲ ಜಗಲಿಯಿಂದಲೇ ಬಾಯಿ ಹಾಕಿದ. ದನಿ ಮೆತ್ತಗಾಗಿತ್ತು. "ವರ್ಸ ವರ್ಸ ಬಂದು ಕೇಳು ದೇವಿ. ಒಂದ್ಯಾಕೆ, ಎರಡು ಹೊರೆ ಕೊಡ್ತೀನಿ. ಬುದ್ದೀ ಕೊಡಿ ಅಂದ್ರೆ ನಿನ್ ಬಾಯೇನು ಸವ್ದೋಯ್ತದಾ?"

"ಒತ್ತು ಬುಡು ಮಗ್ಳೆ," ಎಂದಳು ಅಂಕಮ್ಮ. "ಜೈಲ್ ಕಂಡೋಳು ಅನ್ನುಸ್ಕಬ್ಯಾಡ."

ವಕೀಲರ ಗುಮಾಸ್ತ ಮಸಿಯ ಬಟ್ಟೆಯನ್ನು ನೆಲದ ಮೇಲಿಟ್ಟು ಕಾಲಿನಿಂದ ಅವಳ ಕಡೆ ನೂಕಿದ. ಅತ್ತಿಗೆ ಅದನ್ನೇ ನೋಡುತ್ತ ಕುಳಿತಿದ್ದಳು. ಜೈಲೆಂದರೆ ಅವಳಿಗೂ ಹೆದರಿಕೆ. ಆಮೇಲೆ ಎದ್ದಳು. ಕೊಟ್ಟಿಗೆಯ ಬದಿಯಿಂದ ಅಂಗಳದ ನಡುವೆ ಬಂದು, ಜಗಲಿಯ ಮುಂದೆಯೇ ನಿಂತಳು.

"ನನ್ ಗಂಡ ತೂಬಿಗೆ ಇಳಿವಾಗ ನೀವು ಕೇಳ್ಕಂಡ್ರಾ ಗೌಡ್ರೇ? ಮುಳುಗ್ಲಾ ಅಂದ್ರಿ, ಮುಳುಗ್ದ. ಅವ್ನ ಜೀವ ಕೇಳ್ದೆ ತಕ್ಕಂಡ್ರಿ. ನನ್ ಕಾಲು ಕೇಳ್ದೆ ತಕ್ಕಂಡ್ರಿ. ಒಂದ್ ಹೊರೆ ಬತ್ತಕ್ಕೆ ನಾನ್ ಕೇಳ್ಬೇಕಾ?"

ಪಟೇಲನ ಕೈಯಲ್ಲಿದ್ದ ಕಾಫಿ ಲೋಟ ಅಲ್ಲೇ ನಿಂತಿತು. ಮಾತಾಡುವ ದನಕ್ಕೆ ಎದುರಾದವನ ಹಾಗೆ ನೋಡಿದ.

"ನಾನ್ ಒತ್ತಾಕಿಲ್ಲ," ಎಂದಳು ಅತ್ತಿಗೆ. "ಜೈಲಿಗೆ ಓಯ್ತೀನಿ. ಅರ್ಜಿ ಇರ್ಲಿ."

ವಕೀಲರು ಬೇಸರಪಟ್ಟುಕೊಂಡರು. ನಿಮ್ಮಂಥವರಿಗೆ ಸಹಾಯ ಮಾಡಲು ಬಂದ ನನಗೆ ಬುದ್ಧಿಯಿಲ್ಲ ಎಂದರು. ನಿಮ್ಮಂಥವರು ಎಂದಾಗ ಹೊಸ ಹೆಸರು ಬಾಯಿಗೆ ಬರಲಿಲ್ಲ. ಬೆಂಗಳೂರಿಗೆ ಮಾತ್ರ ಇನ್ನೊಂದು ಸಲ ಹೋದರು, ಅದಕ್ಕೆ ಅವರಿಗೆ ನಾವು ಋಣಿಗಳೇ. ಅಲ್ಲಿ ಜಡ್ಜಿ ದೊರೆಗಳು ಅತ್ತಿಗೆಯ ಹೇಳಿಕೆ ಓದಿಸಿದರಂತೆ. ಆರೋಪಿಯೇ ಕೇಳದೆ ತೆಗೆದುಕೊಂಡೆ ಎನ್ನುತ್ತಾಳೆ. ಹಕ್ಕಿದೆಯೋ ಇಲ್ಲವೋ ಕೇಸಿನಲ್ಲೇ ಹೇಳಿಕೊಳ್ಳಲಿ. ಎಲ್ಲೋ ಒಂದು ಅರ್ಜಿ ಬಾಕಿ ಇದೆ ಎಂದು ಕೇಸನ್ನು ರದ್ದು ಮಾಡಲಾಗುವುದಿಲ್ಲ. ವಕೀಲರು ವಿಷಯ ಹೇಳಿ, ಇನ್ನು ಈ ವಕಾಲತ್ತು ತಮ್ಮಿಂದಾಗದು ಎಂದು ಕಾಗದಗಳನ್ನು ನನ್ನ ಕೈಗೆ ಹಾಕಿದರು.

ಕೇಸು ಮತ್ತೆ ಶುರುವಾಯಿತು. ಅತ್ತಿಗೆ ಬಾಗಿಲಾಚೆ ನಿಂತು ಹಕ್ಕು ಎಂದಳು. ಮ್ಯಾಜಿಸ್ಟ್ರೇಟರು, ಹಕ್ಕಿನ ವಿಷಯ ಅರ್ಜಿಯಲ್ಲಿದೆ, ಇಲ್ಲಿ ಅದನ್ನು ಎತ್ತಬೇಡ ಎಂದರು. ಬೆಂಗಳೂರಿನವರು ಇಲ್ಲಿ ಹೇಳಿಕೋ ಎಂದರು, ಇಲ್ಲಿಯವರು ಅಲ್ಲಿ ಹೇಳಿಕೋ ಎಂದರು. ಕೊನೆಗೆ ಅವರಿಗೂ ಸ್ವಲ್ಪ ಕನಿಕರ ಬಂತೇನೋ. ಕೇಳಿದ್ದೆ, ಮರೆತು ಹಾಗೆ ಹೇಳಿದೆ ಅಂತ ಈಗಲಾದರೂ ಹೇಳು, ಬಿಟ್ಟುಬಿಡುತ್ತೇನೆ ಎಂದರು. ಜವಾನ ಅದನ್ನು ಹೊರಕ್ಕೆ ಕೂಗಿದ.

"ಕೇಳ್ನಿಲ್ಲ," ಎಂದಳು ಅತ್ತಿಗೆ. ಅವಳ ಮಾತನ್ನು ಜವಾನ ಒಳಕ್ಕೆ ಕೂಗುವ ಅಗತ್ಯ ಬೀಳಲಿಲ್ಲ.

ಕಠಿಣ ಸಜೆ. ಮೈಸೂರಿನ ಜೈಲು. ರಾಗಿ ಬೀಸುವ ಕೆಲಸ. ನುಜ್ಜಾದ ಬೆರಳಿನ ಕಾಲನ್ನು ಮಡಿಸಿ ಕೂರಲಾಗದೆ ಕಾಲು ಚಾಚಿ ಬೀಸಿದರೆ ಕೈದಿಗಳ ಮೇಲೆ ನಿಗಾ ನೋಡುವ ಮೇಟಿ ಹೆಂಗಸು ಒದೆಯುತ್ತಿದ್ದಳಂತೆ. ಇದನ್ನೆಲ್ಲ ಅವಳು ಆಮೇಲೆ ಹೇಳಿದ್ದು.

ಅವಳು ಅಲ್ಲಿ ಬೀಸುತ್ತಿರುವಾಗ ಇಲ್ಲಿ ತಾಲ್ಲೂಕು ಕಚೇರಿಯಿಂದ ನೋಟೀಸು ಬಂತು. ಅರ್ಜಿ ವಿಚಾರಣೆಗೆ ಇದೆ, ಅರ್ಜಿದಾರಳು ಖುದ್ದು ಹಾಜರಾಗತಕ್ಕದ್ದು. ಇಷ್ಟು ಕಾಲ ಬಾಕಿ ಬಿದ್ದಿದ್ದ ಅರ್ಜಿಗೆ ಆಗ ಜೀವ ಬಂತು. ನಾನು ಓಡಿದೆ. ಅದೇ ಬಾಗಿಲು, ಅದೇ ಜವಾನ. ದೇವಿರಮ್ಮಾ, ದೇವಿರಮ್ಮಾ, ದೇವಿರಮ್ಮಾ ಎಂದು ಹೊಂಗೆಮರಕ್ಕೆ ಮುಖ ಮಾಡಿ ಕೂಗಿದ.

"ಅವ್ಳು ಜೈಲಲ್ಲವ್ಳೆ ಬುದ್ದೀ," ಎಂದು ನಾನು ಬಾಗಿಲಾಚೆಯಿಂದ ಕಿರುಚಿದೆ. "ನೀವೇ ಕಳ್ಸಿದ್ದು! ಅವ್ಳ ಮೈದುನ ನಾನು ಬಂದಿವ್ನಿ, ನನ್ನ ಕೇಳಿ!"

ಅಮಲ್ದಾರರು ತಲೆಯೆತ್ತಲಿಲ್ಲ. ಮ್ಯಾಜಿಸ್ಟ್ರೇಟರು ಯಾರನ್ನು ಎಲ್ಲಿಗೆ ಕಳಿಸಿದರೋ ಅಮಲ್ದಾರರಿಗೆ ಏನು ಗೊತ್ತು? ಗುಮಾಸ್ತ ಬರೆದುಕೊಂಡ. ಅರ್ಜಿದಾರಳು ಕೂಗಿಸಿದರೂ ಹಾಜರಿಲ್ಲ. ಅರ್ಜಿ ವಜಾ. ನಾನು ಆ ಬಾಗಿಲಿಗೆ ತಲೆ ಚಚ್ಚಿಕೊಂಡೆ. ಜವಾನ ನನ್ನನ್ನು ಕೋಲಿನಿಂದ ಮೆಟ್ಟಿಲ ಕೆಳಗೆ ತಳ್ಳಿದ.

ಅತ್ತಿಗೆ ಬಿಡುಗಡೆಯಾಗಿ ರೈಲಿಳಿದು ಬಂದಾಗ ಅರ್ಧ ಆಗಿಹೋಗಿದ್ದಳು. ಅಂಗೈ ತುಂಬ ಒಡೆದ ಬೊಬ್ಬೆ. ದಾರಿಯಲ್ಲೇ ವಿಷಯ ಹೇಳಿದೆ. ಹೇಳುವಾಗ ನನಗೆ ಅಳು ಬಂತು.

"ಜೈಲಲ್ಲವ್ಳೆ ಅಂತ ಏಳ್ನಿಲ್ವಲಾ?"

"ಏಳ್ದೆ ಅತ್ಗೆ. ಅವ್ರಿಗೆ ಕೇಳುಸ್ನಿಲ್ಲ."

ಅವಳು ಏರಿಯ ಮೇಲೆ ಕುಕ್ಕರಿಸಿದಳು. ಕೆರೆಯ ಕಡೆ ನೋಡಿದಳು. ನಾನಂದುಕೊಂಡೆ, ಮುಗಿಯಿತು, ಇನ್ನು ಇವಳು ಮಳವಳ್ಳಿಗೆ ತಾಯಿಯ ಮನೆಗೆ ಹೋಗುತ್ತಾಳೆ ಎಂದು. ಅವಳು ಕೇಳಿದ್ದು ಬೇರೆ.

"ಪಟೇಲನ ಕೆಳಗದ್ದೆ ಕುಯ್ಲು ಆಯ್ತಾ?"

"ಆಯ್ತು. ನಾಳೆ ಬಡಿತಾರೆ."

ಮಾರನೆಯ ಬೆಳಿಗ್ಗೆ ಅವಳು ತಲೆಗೆ ಸಿಂಬೆ ಸುತ್ತಿಕೊಂಡು ಹೊರಟಳು. ನಾನೂ ಹಿಂದೆ ಹೋದೆ. ಪಟೇಲ ಕಣದಲ್ಲಿ ಮಂಚದ ಮೇಲೆ ಕೂತಿದ್ದ. ನಮ್ಮ ಕೇರಿಯವರೇ ಕೂಲಿಗೆ ಭತ್ತ ಬಡಿಯುತ್ತಿದ್ದರು. ಅವಳನ್ನು ಕಂಡು ಎಲ್ಲರ ಕೈ ನಿಂತಿತು.

"ಜೈಲೂಟ ರುಚಿ ಅತ್ತುಬುಡ್ತಾ?" ಎಂದ ಪಟೇಲ. "ಮುಟ್ಟು ನೋಡನ."

ಅತ್ತಿಗೆ ಅವನ ಕಡೆ ನೋಡಲಿಲ್ಲ. ಮೆದೆಯಿಂದ ಒಂದು ಹೊರೆ ಎಳೆದು ಕಟ್ಟಿದಳು. ಎತ್ತಲು ಬಗ್ಗಿದಳು. ಜೈಲು ಅವಳ ಮೈಯಲ್ಲಿ ಅಷ್ಟು ಶಕ್ತಿ ಉಳಿಸಿರಲಿಲ್ಲ. ಹೊರೆ ಮೊಣಕಾಲವರೆಗೆ ಬಂದು ಮತ್ತೆ ಕೆಳಗೆ ಕೂತಿತು. ಪಟೇಲ ನಕ್ಕ. ನಾನು ಹೋಗಿ ಒಂದು ಬದಿ ಹಿಡಿದೆ. ಇನ್ನೊಂದು ಬದಿ ಹಿಡಿದವಳು ಚಿಕ್ಕಬೋರಮ್ಮ. ಅವಳು ಪಟೇಲನ ಕೂಲಿಯಾಳು, ಆ ಕೂಲಿ ಬಿಟ್ಟರೆ ಅವಳ ಮನೆಯಲ್ಲಿ ಒಲೆ ಹತ್ತುತ್ತಿರಲಿಲ್ಲ. ಕೈಲಿದ್ದ ಭತ್ತದ ಕಟ್ಟನ್ನು ಕೆಳಗೆ ಹಾಕಿ ಬಂದಿದ್ದಳು. ಹೊರೆ ಅತ್ತಿಗೆಯ ತಲೆಗೇರಿತು.

"ಬೋರೀ!" ಎಂದು ಪಟೇಲ ಎದ್ದ. "ಇವತ್ತಿಂದ ನನ್ ಗದ್ದೆ ತಾವ ಕಾಲಿಕ್ಕುದ್ರೆ ನೋಡು!"

ಚಿಕ್ಕಬೋರಮ್ಮ ಮೆದೆಯ ಹತ್ತಿರ ಹೋಗಿ ತನಗೊಂದು ಹೊರೆ ಕಟ್ಟಿದಳು. ಏರಿಗೆ ಬೆನ್ನು ಕೊಟ್ಟವಳು ಅವಳೂ ತಾನೆ. ನಾನೂ ಒಂದು ಕಟ್ಟಿದೆ.

ಪಟೇಲನ ಬಾಯಿಂದ ಮೊದಲು ಬೈಗುಳ ಬಂತು, ಆಮೇಲೆ ಪೊಲೀಸಿಗೆ ಹೇಳಿಕಳಿಸುತ್ತೇನೆ ಎಂಬ ಮಾತು ಬಂತು. ಅತ್ತಿಗೆ ಹೊರೆಯ ಕೆಳಗಿಂದ ಅವನ ಕಡೆ ನಿಧಾನವಾಗಿ ಮೈ ತಿರುಗಿಸಿದಳು.

"ಕಳ್ಸು ಗೌಡ," ಎಂದಳು. "ಈ ಕಿತ ಮೂರು ಹೊರೆ ಅಂತ ಬರ್ಸು."